ಕಲ್ಯಾಣಪ್ಪನವರ ಖಾತೆಯಲ್ಲಿ ಸಿಕ್ಕಿಕೊಂಡ ಅಂಕಪಟ್ಟಿ

ನಿಂಬರ್ಗಾ ಸಮೀಪದ ಆ ಊರಿನ ಗ್ರಂಥಾಲಯದಲ್ಲಿ ಕಂಪ್ಯೂಟರ್ ಒಂದೇ, ಅದರೊಳಗೆ ಖಾತೆಗಳು ಹದಿನಾಲ್ಕು. ಮೇಲ್ವಿಚಾರಕಿ ಜಯಮಾಲಾ ಒಬ್ಬೊಬ್ಬ ಓದುಗರಿಗೂ ಬೇರೆ ಬೇರೆ ಖಾತೆ ಮಾಡಿಸಿಕೊಟ್ಟಿದ್ದಾರೆ. ಒಬ್ಬರ ಖಾತೆಯಲ್ಲಿ ಮತ್ತೊಬ್ಬರು ಕೂತರೆ, ಒಬ್ಬರ ತಾಟಿಗೆ ಮತ್ತೊಬ್ಬರು ಕೈ ಹಾಕಿದಷ್ಟು ಕಸಿವಿಸಿ ಅವರಿಗೆ. ಎದ್ದು ಹೋಗುವವರನ್ನು ಬಾಗಿಲತನಕ ಹಿಂಬಾಲಿಸಿ, ಖಾತೆ ಮುಚ್ಚಿದಿರೇನು ಎಂದು ಕೇಳುತ್ತಾರೆ. ಈ ಪಾಠ ತಲೆಗೆ ಹತ್ತದವರೆಂದರೆ ನಿವೃತ್ತ ಬಸ್ ಕಂಡಕ್ಟರ್ ಕಲ್ಯಾಣಪ್ಪನವರೊಬ್ಬರೇ. ತೊಗರಿ ಧಾರಣೆ ನೋಡಿ, ಎಲ್ಲವನ್ನೂ ತೆರೆದಿಟ್ಟೇ ಮನೆಗೆ ನಡೆಯುತ್ತಾರೆ.

ಹೀಗಿರುವಾಗ, ಆ ಸೋಮವಾರ ತಪ್ಪಿದವರು ಸ್ವತಃ ಜಯಮಾಲಾ ಎಂಬುದನ್ನು ಊರು ಬಹಳ ಖುಷಿಯಿಂದ ಹೇಳುತ್ತದೆ.

ಬಟ್ಟೆ ಹೊಲಿಯುವ ಗೌಸಿಯಾಬೇಗಂ ಹಾಸ್ಟೆಲೊಂದರ ಹೊಲಿಗೆ ಶಿಕ್ಷಕಿ ಹುದ್ದೆಗೆ ಅರ್ಜಿ ಹಾಕುವವರಿದ್ದರು. ಅವರ ಅಂಕಪಟ್ಟಿಯ ಮೂಲಪ್ರತಿ ಹೆಸರಿನ ತಿದ್ದುಪಡಿಗೆ ಹೋಗಬೇಕಿತ್ತು. ಸೋಮವಾರ ಅದನ್ನು ಕಳಿಸುವ ಮೊದಲು ಜಯಮಾಲಾ ಸ್ಕ್ಯಾನ್ ಮಾಡಿಟ್ಟರು. ಬುಧವಾರ, ಅರ್ಜಿಯ ಕೊನೆಯ ದಿನ, ಗೌಸಿಯಾ ತಮ್ಮ ಖಾತೆ ತೆರೆದರೆ ಅಂಕಪಟ್ಟಿಯೇ ಇಲ್ಲ. ಸೋಮವಾರ ಪರದೆಯ ಮೇಲಿದ್ದದ್ದು ಕಲ್ಯಾಣಪ್ಪನವರ ಖಾತೆ. ಜಯಮಾಲಾ ಹೆಸರು ನೋಡದೆ ಅದರಲ್ಲೇ ಇಟ್ಟು, ಮೇಲೆ ಶಿಸ್ತಾಗಿ ಮುಚ್ಚಿಯೂ ಇದ್ದರು.

ಆಗ ಮೂರೂ ಹತ್ತು. ನಾಲ್ಕಕ್ಕೆ ಅರ್ಜಿ ಬಂದ್. ಎಲ್ಲ ಖಾತೆಗಳನ್ನೂ ತೆರೆಯಬಲ್ಲ ಪಾಸ್‌ವರ್ಡ್ ಇದ್ದದ್ದು ಕಂಪ್ಯೂಟರ್ ಕೂಡಿಸಿದವನ ಬಳಿ. ಅವನ ಫೋನ್ ಹತ್ತಲಿಲ್ಲ. ಕಲ್ಯಾಣಪ್ಪನವರು ಹೆಂಡತಿ ಶಿವಕಾಂತಾ ಜೊತೆ ಭೀಮಾ ನದಿಯ ಅಣೆಕಟ್ಟಿರುವ ಸೊನ್ನದಲ್ಲಿ ಮಗಳ ಮನೆಗೆ ಹೋಗಿದ್ದರು. ಫೋನೇನೋ ಎತ್ತಿದರು. ಪಾಸ್‌ವರ್ಡ್ ಕೇಳಿದೊಡನೆ ಕೆಮ್ಮು ಬಂತು. ನಾಳೆ ತಾವೇ ಬಂದು ತೆರೆದುಕೊಡುವುದಾಗಿ ಹೇಳಿದರು.

"ನಾಳಿ ಬಂದು ಏನ್ ಮಾಡ್ತೀರಿ ಕಾಕಾ? ಗೌಸಿಯಾನ ನೌಕರಿ ಇವತ್ತೇ ಹೋಗ್ತದ," ಎಂದರು ಜಯಮಾಲಾ.

"ಹಂಗಲ್ಲ ತಂಗಿ. ಅದು ನಮ್ಮ ಮನಿಯಾಕಿ ಹೆಸರದ."

ಹೆಂಡತಿಯ ಹೆಸರು ಬಾಯಲ್ಲಿ ಹೇಳದ ಗಂಡಂದಿರು ಆ ಕಡೆ ಇನ್ನೂ ಇದ್ದಾರೆ. ಹೇಳಲೇಬೇಕಾದರೆ ಎರಡು ಸಾಲಿನ ಒಡಪು ಕಟ್ಟಿ, ಹೆಸರನ್ನು ಅದರೊಳಗೆ ತೂರಿಸುತ್ತಾರೆ. ಜಯಮಾಲಾ 'ಶಿವಕಾಂತಾ' ಎಂದು ಒತ್ತಿದರು, ತೆರೆಯಲಿಲ್ಲ. ಅದು ಲಗ್ನದಲ್ಲಿ ಇಟ್ಟ ಹೆಸರು, ಪಾಸ್‌ವರ್ಡ್ ತವರಿನ ಹೆಸರು ಎಂದು ಕಲ್ಯಾಣಪ್ಪ ಒಪ್ಪಿಕೊಂಡರು. ಹಾಗಾದರೆ ಕಾಕಿಗೇ ಫೋನ್ ಕೊಡಿ ಎಂದು ಜಯಮಾಲಾ ಕೇಳಿದರು. ಶಿವಕಾಂತಾ ಪಕ್ಕದಲ್ಲೇ ಇದ್ದರು.

"ನಾ ಹೇಳಂಗಿಲ್ಲವಾ. ಮೂವತ್ತೆಂಟು ವರ್ಷ 'ಏ, ಬಾ ಇಲ್ಲಿ' ಅಂತ ಕರದಾರ. ಇವತ್ತ ಅವರ ಬಾಯಿಂದಲೇ ಬರ್ಲಿ."

ಮೂರೂವರೆ ದಾಟಿತು. ಗೌಸಿಯಾ ಗಡಿಯಾರ ನೋಡುವುದನ್ನು ಬಿಟ್ಟು ಫೋನಿನ ಹತ್ತಿರ ಬಾಗಿದರು.

"ಚಾಚಾ, ನಾ ಕಿವಿ ಮುಚ್ಕೋತೇನಿ, ಹೇಳ್ರಿ."

ಆ ಕಡೆ ಯಾರೋ ಬಾಗಿಲು ಹಾಕಿದ ಸದ್ದು. ಬಳಿಕ ಕಂಡಕ್ಟರನ ಹಳೆಯ, ಬಸ್ ತುಂಬುವ ದನಿ:

"ಭೀಮಾ ಹೊಳಿಗೆ ಸೊನ್ನದ ಕಟ್ಟಿ,
ನನ್ನ ಸಿಳ್ಳಿಗೂ ನಿಲ್ಲದಾಕಿ ಚಂಪಾವತಿ ಗಟ್ಟಿ."

ಖಾತೆ ತೆರೆಯಿತು. ಅಂಕಪಟ್ಟಿ ತೊಗರಿ ಧಾರಣೆಗಳ ನಡುವೆ ಬೆಚ್ಚಗಿತ್ತು. ಅರ್ಜಿ ಹೋದಾಗ ಮೂರೂ ಐವತ್ತೆರಡು. ಗೌಸಿಯಾ ಸ್ವೀಕೃತಿ ಪತ್ರವನ್ನು ಮೂರು ಸಲ ಓದಿ, ಮಡಚಿ ಚೀಲಕ್ಕೆ ಹಾಕಿಕೊಂಡರು. ಸೊನ್ನದ ಫೋನ್ ಇನ್ನೂ ತೆರೆದೇ ಇತ್ತು. ತಮಗೆ ಸರಿಯಾಗಿ ಕೇಳಿಸಲಿಲ್ಲ, ಇನ್ನೊಮ್ಮೆ ಹೇಳಬೇಕು ಎಂದು ಶಿವಕಾಂತಾ ಗಂಡನಿಗೆ ಹೇಳುತ್ತಿದ್ದರು.