ತೊಗರಿಬೇಳೆಯ ಕಲ್ಲು

ಜ್ವರ ಬರುವ ಹಿಂದಿನ ದಿನ ಭಾನುವಾರ. ನಮ್ಮ ಮನೆಯವರು ಗಲ್ಫಿನಿಂದ ಬಂದು ಒಂದು ವಾರವಾಗಿತ್ತು. ಎಣ್ಣೂರಿನಲ್ಲಿ ಬಂದರಿನ ಕ್ರೇನುಗಳನ್ನು ರಿಪೇರಿ ಮಾಡುವ ಕಂಪನಿಯಲ್ಲಿ ಅವರ ಕೆಲಸ. ಕಂಪನಿಯವರು ಎರಡು ತಿಂಗಳ ಮಟ್ಟಿಗೆ ಅಲ್ಲಿನ ಬಂದರೊಂದಕ್ಕೆ ಕಳಿಸಿದ್ದರು. ಹೋದಾಗ ಇದ್ದ ಹೊಟ್ಟೆ ಬರುವಾಗ ಕರಗಿತ್ತು. ಅತ್ತೆ ವಾರವೆಲ್ಲ ಅದನ್ನು ಮತ್ತೆ ತುಂಬಿಸುವ ಕೆಲಸದಲ್ಲಿದ್ದರು.

ಮೈಲಾಪೂರಿನ ನಮ್ಮ ಮನೆ ಹಳೆಯ ಫ್ಲಾಟಿನ ಎರಡನೆಯ ಮಹಡಿ. ಮಕ್ಕಳಿಲ್ಲ, ನಾವು ಮೂರೇ ಜನ. ಆ ಬೆಳಿಗ್ಗೆ ತಾಯಿ ಮಗ ನಡುಮನೆಯ ನೆಲದ ಮೇಲೆ ಕುಳಿತು ತಿಂಗಳ ತೊಗರಿಬೇಳೆ ಆರಿಸುತ್ತಿದ್ದರು. ಪ್ಯಾಕೆಟಿನ ಬೇಳೆಯನ್ನು ಅತ್ತೆ ಎಂದೂ ನಂಬಿದವರಲ್ಲ. ಮಗ ಆರಿಸಿ ಪಕ್ಕಕ್ಕೆ ಸರಿಸಿದ ರಾಶಿಯನ್ನು ಮತ್ತೆ ಮೊರಕ್ಕೆ ಸುರಿದುಕೊಂಡು ಅದರಿಂದ ಒಂದು ಕಲ್ಲು ಎತ್ತಿ ತೋರಿಸಿದರು.

"ಇಷ್ಟು ದೊಡ್ಡ ಕಲ್ಲು ಬಿಟ್ಟಿದೀಯಲ್ಲೋ. ಕಣ್ಣು ಎಲ್ಲಿಟ್ಕೊಂಡಿದೀಯ? ಕ್ರೇನಿನ ಮೇಲೆ ಬೋಲ್ಟು ಹ್ಯಾಗೆ ಹುಡುಕ್ತೀಯೋ ನಾ ಕಾಣೆ."

"ಬೋಲ್ಟು ಇಷ್ಟು ಸಣ್ಣದಿರಲ್ಲಮ್ಮ."

"ಹಲ್ಲಿಗೆ ಸಿಕ್ಕಾಗ ಗೊತ್ತಾಗುತ್ತೆ, ಸಣ್ಣದೋ ದೊಡ್ಡದೋ."

ಮಧ್ಯಾಹ್ನದ ಸಾರಿನಲ್ಲಿ ಕಲ್ಲು ಸಿಕ್ಕಿದ್ದು ನನ್ನ ಹಲ್ಲಿಗೆ.  ಅತ್ತೆ ಮಗನ ಮುಖ ನೋಡಿ ಇನ್ನೊಂದು ಸೌಟು ಸಾರು ಬಡಿಸಿದರು, ಅಷ್ಟೆ. ನಾವು ಮೂವರೂ ನಕ್ಕೆವು. ಸಂಜೆ ಅವರಿಬ್ಬರೂ ದೇವಸ್ಥಾನದ ಕಲ್ಯಾಣಿಯ ಕಡೆ ನಡೆದುಹೋಗಿ ಬಂದರು. ಅಂಥ ಭಾನುವಾರಗಳು ನಮಗೆ ಬೇಕಾದಷ್ಟಿದ್ದವು. ಇದೊಂದು ನೆನಪಿನಲ್ಲಿ ಉಳಿದದ್ದು ಮರುದಿನದಿಂದಾಗಿ.

ಅತ್ತೆ ತೀರಿಕೊಂಡ ಮೇಲೆ ನಾನು ಇದನ್ನು ಬರೆಯುತ್ತಿದ್ದೇನೆ. ನಾನು ಓದಿದ್ದು ಪಿಯುಸಿಯವರೆಗೆ. ಮದುವೆಯಾಗಿ ಕೋಲಾರದಿಂದ ಈ ತಮಿಳು ಊರಿಗೆ ಬಂದವಳು. ಬರೆದು ಅಭ್ಯಾಸವಿಲ್ಲ. ಆದರೆ ಅವರ ಬಗ್ಗೆ ಮಾತಾಡಲು ಹೋದರೆ ಅರ್ಧಕ್ಕೇ ನಿಲ್ಲಿಸುತ್ತೇನೆ, ಬರೆದರೆ ಮುಂದುವರಿಯುತ್ತದೆ.

ಸೋಮವಾರ ನಮ್ಮ ಮನೆಯವರಿಗೆ ಜ್ವರ, ತಲೆನೋವು, ಮೈಕೈ ನೋವು. ಕತ್ತಿನ ಎರಡೂ ಬದಿ ನೆಲ್ಲಿಕಾಯಿಯಂಥ ಗಂಟು. ಎರಡು ದಿನ ಕಳೆದು ಮುಖದ ಮೇಲೆ, ಕೈಗಳ ಮೇಲೆ ಕೆಂಪು ಗುಳ್ಳೆಗಳು ಎದ್ದವು. ಅತ್ತೆ ನೋಡಿದವರೇ ಕೈ ಮುಗಿದರು. ಗುಳ್ಳೆಗೆ ಅಲ್ಲ, ಗುಳ್ಳೆಯ ರೂಪದಲ್ಲಿ ಬಂದ ದೇವಿಗೆ. ನಮ್ಮ ಕಡೆಯೂ ಇಲ್ಲಿಯೂ ಒಂದೇ ನಂಬಿಕೆ. ಮೈಮೇಲೆ ಹೀಗೆ ಏಳುವುದು ಕಾಯಿಲೆಯಲ್ಲ, ತಾಯಿ ಮನೆಗೆ ಬಂದಿದ್ದಾಳೆ ಎಂದರ್ಥ. ಬಂದವಳನ್ನು ಸಮಾಧಾನದಿಂದ ಇಟ್ಟುಕೊಂಡು ಸಮಾಧಾನದಿಂದ ಕಳಿಸಬೇಕು. ಬಾಗಿಲಿಗೆ ಬೇವಿನ ಸೊಪ್ಪು ಕಟ್ಟಬೇಕು. ಅಡುಗೆಗೆ ಒಗ್ಗರಣೆ ಹಾಕಬಾರದು. ಡಾಕ್ಟರ ಹತ್ತಿರ ಹೋಗಬಾರದು, ಮಾತ್ರೆ ನುಂಗಬಾರದು. ತುರಿಕೆಯಾದರೆ ಉಗುರು ತಾಗಿಸದೆ ಬೇವಿನ ಎಳೆ ಕಡ್ಡಿಯಿಂದ ಮೆಲ್ಲಗೆ ನೇವರಿಸಬೇಕು. ಗುಳ್ಳೆ ಒಣಗಿದ ಮೇಲೆ ಬೇವು, ಅರಿಶಿನದ ನೀರು ಹಾಕಿ ಕಳಿಸಿಕೊಡಬೇಕು.

ಅತ್ತೆ ಎಲ್ಲವನ್ನೂ ಮಾಡಿದರು. ಕೆಳಗಿನ ಮನೆಯವರು ಬಾಗಿಲಿನ ಬೇವು ಕಂಡು ತಾವಾಗಿಯೇ ಬರುವುದನ್ನು ನಿಲ್ಲಿಸಿದರು. ಹಾಲಿನವನು ಪ್ಯಾಕೆಟನ್ನು ಮೆಟ್ಟಿಲ ಮೇಲೇ ಇಟ್ಟು ಹೋದ. ನಾನು ಒಗ್ಗರಣೆಯಿಲ್ಲದ ಸಾರು ಮಾಡಿದೆ. ಅತ್ತೆ ಒಂದು ಎಳೆಯ ಕಡ್ಡಿ ಆರಿಸಿ ಮಗನ ಕೈಗೆ ಕೊಟ್ಟು, "ಇದರಲ್ಲೇ ಸವರ್ಕೋ, ತಂಪಾಗುತ್ತೆ" ಅಂದರು. ಅವರು ಕೈ, ಎದೆ, ಹಣೆ ಎಲ್ಲವನ್ನೂ ಅದರಿಂದಲೇ ಸವರಿಕೊಂಡರು. ಕಣ್ಣುರೆಪ್ಪೆಯ ಮೇಲೂ ಎಳೆದುಕೊಂಡರು, ಹಾಯೆನಿಸುತ್ತದೆ ಎಂದು.

ಅವರ ಎಡಗಣ್ಣು ಕೆಂಪಾಗಿ ನೀರು ಸುರಿಯಲು ಶುರುವಾದ ಬೆಳಿಗ್ಗೆ ನನ್ನನ್ನು ಕರೆದು ಅಂಗೈ ತೋರಿಸಿದರು. ಅಂಗೈಯ ತುಂಬ ಗುಳ್ಳೆ. ಅಂಗಾಲಿನಲ್ಲೂ. ಎಲ್ಲ ಒಂದೇ ಗಾತ್ರ, ಗಟ್ಟಿ, ನಡುವೆ ಸಣ್ಣ ಗುಳಿ. ವಿಮಾನ ನಿಲ್ದಾಣದ ಗೋಡೆಯಲ್ಲಿ ಇಂಥದೇ ಅಂಗೈಯ ಚಿತ್ರ ನೋಡಿದ್ದೆ ಎಂದು ಮೆಲ್ಲಗೆ ಹೇಳಿದರು. ಅಲ್ಲಿ ಒಂದೇ ಕೋಣೆಯಲ್ಲಿ ಮಲಗುತ್ತಿದ್ದ ಒಬ್ಬರ ಮೈಮೇಲೂ ಗುಳ್ಳೆಯಿತ್ತಂತೆ. ಸೆಕೆಗೆ ಎಂದು ಎಲ್ಲರೂ ಅಂದುಕೊಂಡಿದ್ದರಂತೆ. ಟವಲು, ಹೊದಿಕೆ ಯಾರದು ಯಾರು ಬಳಸುತ್ತಿದ್ದರೋ ಲೆಕ್ಕವಿರಲಿಲ್ಲ. ಚಿತ್ರದ ಕೆಳಗಿದ್ದ ಹೆಸರು ಮಂಕಿಪಾಕ್ಸ್.

ನಾನು ಸರ್ಕಾರಿ ಸಹಾಯವಾಣಿಗೆ ಫೋನ್ ಮಾಡಿದೆ. ಆಂಬುಲೆನ್ಸ್ ಬರುತ್ತದೆ ಎಂದರು. ಈಗ ಅತ್ತೆಗೆ ಹೇಳಬೇಕಿತ್ತು. ಮೈಮೇಲೆ ತಾಯಿ ಇರುವವರು ಹೊಸ್ತಿಲು ದಾಟಬಾರದು, ಅದು ಅವರಿಗೆ ಪ್ರಾಣಕ್ಕಿಂತ ದೊಡ್ಡ ಮಾತು. ಜಗಳವಾಗುತ್ತದೆ ಎಂದುಕೊಂಡಿದ್ದೆ. ಅತ್ತೆ ಮಗನ ಕಣ್ಣನ್ನೇ ಸ್ವಲ್ಪ ಹೊತ್ತು ನೋಡಿದರು. ಆಮೇಲೆ ಒಂದು ಚೊಂಬು ನೀರಿಗೆ ಅರಿಶಿನ ಹಾಕಿ ಹೊಸ್ತಿಲ ಮೇಲಿಟ್ಟು, ಪಕ್ಕದ ಮನೆಯವರಿಗೆ ಹೇಳುವ ಹಾಗೆ ಹೇಳಿದರು:

"ನೋಡು ತಾಯಿ, ಇವನನ್ನ ಕರ್ಕೊಂಡು ಹೋಗ್ತಿದಾರೆ. ನೀನೂ ಜೊತೆಗೆ ಹೋಗು. ಅಲ್ಲಿ ಇವನನ್ನ ಬಿಟ್ಟು, ನಿನ್ನ ದಾರಿ ನೀನು ನೋಡ್ಕೋ. ಕಣ್ಣು ಮಾತ್ರ ಮುಟ್ಟಬೇಡ."

ಆಸ್ಪತ್ರೆಯಲ್ಲಿ ಅವರನ್ನು ಒಬ್ಬರೇ ಇರುವ ಕೋಣೆಯಲ್ಲಿ ಇಟ್ಟರು. ನಾವು ಮನೆಯಲ್ಲೇ ಇರಬೇಕಾಯಿತು. ಮೂರು ವಾರ ಬೆಳಿಗ್ಗೆ ಸಂಜೆ ಜ್ವರ ನೋಡಿಕೊಂಡು, ನಮ್ಮ ಮೈಮೇಲೆ ಏನಾದರೂ ಏಳುತ್ತದೆಯೇ ಎಂದು ಕಾಯುವುದು. ಗುಳ್ಳೆಗಳನ್ನು ಗಟ್ಟಿಯಾಗಿ ಒರೆಸಿ ತೆಗೆದ ದ್ರವವನ್ನು ಲ್ಯಾಬಿಗೆ ಕಳಿಸಿದ್ದರು. ಫಲಿತಾಂಶ ಬಂದ ದಿನ ಡಾಕ್ಟರೇ ಫೋನ್ ಮಾಡಿದರು. ಹೆಂಗಸು, ಚಿಕ್ಕ ವಯಸ್ಸಿನವರ ದನಿ. ಅತ್ತೆಗೂ ಕೇಳಲಿ ಎಂದು ನಾನು ಸ್ಪೀಕರಿಗೆ ಹಾಕಿದೆ.

"ಇದು ಚಿನ್ನಮ್ಮೈ ಇಲ್ಲೀಂಗ" ಎಂದು ತಮಿಳಿನಲ್ಲಿ ಶುರು ಮಾಡಿದರು. ಸೀತಾಳೆ ಸಿಡುಬು ಅಲ್ಲ ಎಂದು. ಸೀತಾಳೆಯ ಗುಳ್ಳೆಗಳು ಸರದಿಯ ಮೇಲೆ ಬರುತ್ತವೆ, ಒಂದು ಒಣಗುವಾಗ ಇನ್ನೊಂದು ಏಳುತ್ತದೆ. ಇದರಲ್ಲಿ ಒಂದು ಜಾಗದ ಗುಳ್ಳೆಗಳೆಲ್ಲ ಹೆಚ್ಚಾಗಿ ಒಟ್ಟಿಗೇ ಹಣ್ಣಾಗುತ್ತವೆ, ಅಂಗೈ ಅಂಗಾಲನ್ನೂ ಬಿಡುವುದಿಲ್ಲ. ಇದು ಹಳೆಯ ಸಿಡುಬಿನ ಜಾತಿಗೆ ಸೇರಿದ ರೋಗಾಣು. ಚರ್ಮದ ಸಣ್ಣ ಗೀರಿನಿಂದಲೂ ಒಳಗೆ ಹೋಗಿ ಹತ್ತಿರದ ಗ್ರಂಥಿಗಳಲ್ಲಿ ಬೆಳೆಯುತ್ತದೆ, ಕತ್ತಿನ ಗಂಟು ಅದೇ. ಅಲ್ಲಿಂದ ರಕ್ತಕ್ಕೆ, ರಕ್ತದಿಂದ ಮತ್ತೆ ಚರ್ಮಕ್ಕೆ. ಹಕ್ಕಳೆ ಕಟ್ಟಿ ಉದುರಿ, ಕೆಳಗೆ ಹೊಸ ಚರ್ಮ ಬರುವವರೆಗೂ ಇನ್ನೊಬ್ಬರಿಗೆ ಹರಡಬಹುದು.

ಔಷಧಿ ಏನು ಎಂದು ಕೇಳಿದೆ. ಇದಕ್ಕೆಂದೇ ಕೊಟ್ಟು ವಾಸಿ ಮಾಡುವ ಮದ್ದು ನಮ್ಮ ಕೈಯಲ್ಲಿಲ್ಲ, ಹೆಚ್ಚಿನವರಿಗೆ ದೇಹವೇ ವಾಸಿ ಮಾಡಿಕೊಳ್ಳುತ್ತದೆ ಎಂದರು. ನೋವಿಗೆ, ಜ್ವರಕ್ಕೆ ಕೊಡುತ್ತೇವೆ, ಹುಣ್ಣು ಕೀವಾಗದಂತೆ ನೋಡಿಕೊಳ್ಳುತ್ತೇವೆ. ಯೋಚನೆ ಇರುವುದು ಕಣ್ಣಿನದು. ಕಪ್ಪುಗುಡ್ಡೆಯ ಮೇಲೆ ಹುಣ್ಣಾಗಿದೆ. ಕಣ್ಣಿನ ಡಾಕ್ಟರು ಹನಿ ಹಾಕಿಸುತ್ತಿದ್ದಾರೆ. ದೃಷ್ಟಿ ಎಷ್ಟು ಉಳಿಯುತ್ತದೆ ಎಂದು ಈಗಲೇ ಹೇಳಲಾಗದು. ಕಣ್ಣಿಗೆ ಹೇಗೆ ಹೋಯಿತು ಎಂದೆ. ಕೈಯಿಂದ ಹೋಗಿರಬಹುದು, ಇಲ್ಲವೇ ಮೈಗೆ ಸವರಿದ ಬೇವಿನ ಕಡ್ಡಿಯಿಂದ. ನಿಮ್ಮ ಮನೆಯವರೇ ಹೇಳಿದರು, ಅದನ್ನು ರೆಪ್ಪೆಯ ಮೇಲೂ ಎಳೆದುಕೊಂಡೆ ಅಂತ.

ಅತ್ತೆಗೆ ತಮಿಳು ನನಗಿಂತ ಚೆನ್ನಾಗಿ ಬರುತ್ತಿತ್ತು. ಅವರು ಎದ್ದು ಒಳಗೆ ಹೋದರು. ಅಳುತ್ತಿರಬಹುದೆಂದು ಸ್ವಲ್ಪ ಬಿಟ್ಟು ಹೋಗಿ ನೋಡಿದೆ. ಅಳುತ್ತಿರಲಿಲ್ಲ. ಮಂಚದ ಕೆಳಗೆ ಉಳಿದಿದ್ದ ಬೇವಿನ ಕಡ್ಡಿಗಳನ್ನು ಚೀಲವೊಂದರಲ್ಲಿ ಕಟ್ಟಿ ಬಿಸಾಡಲು ಇಟ್ಟಿದ್ದರು. ಬಾಗಿಲಿನ ಸೊಪ್ಪನ್ನು ಬಿಚ್ಚಲಿಲ್ಲ.

"ಇನ್ನು ಮೇಲೆ ಬೇವು ಬಾಗಿಲಿಗಷ್ಟೆ ಕಣೇ, ಕೈಗೆ ಬೇಡ" ಅಂದರು. ಕಡ್ಡಿಯ ಬಗ್ಗೆ ಅವರು ಆಡಿದ್ದು ಅಷ್ಟೇ ಮಾತು. 

ಮೂರು ವಾರದ ನಡುವೆ ಒಂದು ದಿನ ಆರೋಗ್ಯ ಇಲಾಖೆಯ ನರ್ಸ್ ನಮ್ಮನ್ನು ನೋಡಲು ಬಂದರು. ಬಾಗಿಲ ಹೊರಗೇ ನಿಂತು, ಚಿಕ್ಕಂದಿನಲ್ಲಿ ಸಿಡುಬಿನ ಲಸಿಕೆ ಹಾಕಿಸಿಕೊಂಡಿದ್ದೀರಾ ಎಂದು ಕೇಳಿದರು. ನಾನು ಹುಟ್ಟುವ ಹೊತ್ತಿಗೆ ಅದನ್ನು ನಿಲ್ಲಿಸಿದ್ದರು. ಅತ್ತೆ ಸೆರಗು ಸರಿಸಿ ತೋಳು ತೋರಿಸಿದರು. ಎರಡು ದೊಡ್ಡ ಗುಂಡು ಕಲೆ, ನಾಣ್ಯ ಒತ್ತಿದ ಹಾಗೆ. ದಾಕು ಹಾಕಿದ ಗುರುತು ಎಂದು ಅವರು ಅದನ್ನು ಕರೆಯುತ್ತಿದ್ದರು. ಮೊದಲಿನಿಂದಲೂ ಆ ಕಲೆ ಕಾಣದಂತೆ ಉದ್ದ ತೋಳಿನ ರವಿಕೆ ಹೊಲಿಸುತ್ತಿದ್ದವರು. ಆ ಹಳೆಯ ಲಸಿಕೆ ಇದಕ್ಕೂ ಸ್ವಲ್ಪ ಕಾವಲು, ಪೂರ್ತಿ ಅಲ್ಲ ಎಂದು ನರ್ಸ್ ವಿವರಿಸಿದರು. ಪೂರ್ತಿ ಅಲ್ಲ ಎಂಬುದನ್ನು ಅತ್ತೆ ಕೇಳಿಸಿಕೊಂಡರೋ ಇಲ್ಲವೋ. "ಹಾಗಿದ್ರೆ ಅವನನ್ನ ಮನೆಗೆ ಕಳ್ಸಿ. ನಾನು ನೋಡ್ಕೋತೀನಿ" ಅಂದರು.

ಜ್ವರ ಬಿಟ್ಟು, ಹುಣ್ಣುಗಳು ಒಣಗತೊಡಗಿದ ಮೇಲೆ, ಉಳಿದ ಹಕ್ಕಳೆ ಉದುರುವವರೆಗೆ ಒಂದೇ ಕೋಣೆಯಲ್ಲಿ ಇರಬೇಕೆಂಬ ಷರತ್ತಿನ ಮೇಲೆ ಅವರನ್ನು ಮನೆಗೆ ಬಿಟ್ಟರು. ಆ ಕೋಣೆ ಅತ್ತೆಯ ರಾಜ್ಯವಾಯಿತು. ನಾನು ಬಾಗಿಲವರೆಗೆ ಮಾತ್ರ. ಮುಖಕ್ಕೆ ಮಾಸ್ಕು, ಕೈಗೆ ನೀಲಿ ಗ್ಲೋವ್ಸು ಹಾಕಿಕೊಂಡು ಅತ್ತೆ ಹೊತ್ತಿಗೆ ಸರಿಯಾಗಿ ಕಣ್ಣಿಗೆ ಹನಿ ಹಾಕುತ್ತಿದ್ದರು. ಹೊದಿಕೆಗಳನ್ನು ಬೇರೆ ಬಕೆಟಿನಲ್ಲಿ ಬಿಸಿನೀರಿಗೆ ಹಾಕುತ್ತಿದ್ದರು. ಆ ಗ್ಲೋವ್ಸಿನಲ್ಲಿ ಅಮ್ಮ ಆಪರೇಷನ್ ಮಾಡುವವರ ಹಾಗೆ ಕಾಣುತ್ತಾರೆ ಎಂದು ಇವರು ರೇಗಿಸುತ್ತಿದ್ದರು.

ಕಣ್ಣು ಮಾತ್ರ ಮಸುಕಾಗಿಯೇ ಇತ್ತು. ಒಂದು ಬೆಳಿಗ್ಗೆ ಅತ್ತೆ ಸ್ಟೀಲಿನ ತಟ್ಟೆಯಲ್ಲಿ ಏನೋ ಮುಚ್ಚಿಕೊಂಡು ಒಳಗೆ ಹೋದರು.

"ಬಲಗಣ್ಣು ಮುಚ್ಕೋ. ಇದು ಯಾವ ಬೇಳೆ ಹೇಳು."

"ಇದೆಲ್ಲ ಯಾಕಮ್ಮ? ಆಸ್ಪತ್ರೆಯಲ್ಲಿ ಅಕ್ಷರ ತೋರಿಸ್ತಾರೆ."

"ಅವರು ಅಕ್ಷರ ತೋರಿಸ್ಲಿ. ನಾನು ಬೇಳೆ ತೋರಿಸ್ತೀನಿ. ಹೇಳು."

ಅವರು ಹೆಸರುಬೇಳೆ ಎಂದರು. ತಟ್ಟೆಯಲ್ಲಿದ್ದದ್ದು ಕಡಲೆಬೇಳೆ. ಮರುದಿನ ತೊಗರಿಯನ್ನು ಕಡಲೆ ಎಂದರು. ಅತ್ತೆ ತಪ್ಪು ಎನ್ನುತ್ತಿರಲಿಲ್ಲ. "ನಾಳೆ ನೋಡೋಣ" ಎಂದು ತಟ್ಟೆ ತೆಗೆದುಕೊಂಡು ಹೊರಬರುತ್ತಿದ್ದರು. ಅಡುಗೆಮನೆಗೆ ಬಂದು ನಲ್ಲಿ ಬಿಟ್ಟುಕೊಂಡು ತಟ್ಟೆಯನ್ನು ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ತೊಳೆಯುತ್ತಿದ್ದರು. ಒಮ್ಮೆ ಇವರು ಬಲಗಣ್ಣನ್ನು ಬೆರಳ ಸಂದಿಯಲ್ಲಿ ತೆರೆದು ಸರಿಯಾದ ಉತ್ತರ ಹೇಳಿ ಸಿಕ್ಕಿಬಿದ್ದರು. ತಾಯಿಗೆ ಸಂತೋಷವಾಗಲಿ ಎಂದು ಮಾಡಿದ್ದು. ಅತ್ತೆ ಅದಕ್ಕೆ ಮಾತ್ರ ಬೈದರು.

ಆ ದಿನಗಳು ದುಃಖದವು ಎಂದು ನನಗೆ ಅನ್ನಿಸುವುದಿಲ್ಲ. ಭಯವಿತ್ತು, ನಿಜ. ಆದರೆ ಬಾಗಿಲಾಚೆ ನಾನು ಮಣೆ ಹಾಕಿಕೊಂಡು ತರಕಾರಿ ಹೆಚ್ಚುತ್ತಿದ್ದೆ, ಒಳಗೆ ಅವರಿಬ್ಬರ ಮಾತು. ಮನೆಯ ಹಿಂದೆ ರೈಲು ಹೋಗುವ ಸದ್ದು. ಯಾರೂ ಬರುವಂತಿಲ್ಲ, ಎಲ್ಲಿಗೂ ಹೋಗುವಂತಿಲ್ಲ. ಮದುವೆಯಾಗಿ ಇಷ್ಟು ವರ್ಷಗಳಲ್ಲಿ ನಾವು ಮೂವರು ಅಷ್ಟು ಹೊತ್ತು ಒಟ್ಟಿಗೆ ಇದ್ದದ್ದು ಅದೇ ಮೊದಲು. ಅತ್ತೆ ಒಳಗಿನಿಂದಲೇ ನನ್ನನ್ನು ಕೂಗಿ, ಮದುವೆಯಾದ ಹೊಸತರಲ್ಲಿ ನಾನು ಮಾಡಿದ ಹುಳಿಯ ಬಗ್ಗೆ ಮಗನಿಗೆ ದೂರು ಹೇಳುತ್ತಿದ್ದರು.

ಹಕ್ಕಳೆಗಳು ಬಹುಪಾಲು ಉದುರಿದ್ದವು. ಅಂದಿನ ಬೆಳಿಗ್ಗೆ ಅತ್ತೆ ಎಂದಿನಂತೆ ತಟ್ಟೆ ಹಿಡಿದರು. ಇವರು ಬಲಗಣ್ಣನ್ನು ಅಂಗೈಯಿಂದ ಪೂರ್ತಿ ಮುಚ್ಚಿಕೊಂಡು ಬಗ್ಗಿ ನೋಡಿದರು. ತಟ್ಟೆಯನ್ನು ಬೆಳಕಿನ ಕಡೆ ತಿರುಗಿಸಿಕೊಂಡರು. ನಾನು ಚಾಕು ಕೆಳಗಿಟ್ಟೆ.

"ತೊಗರಿ" ಅಂದರು. ಆಮೇಲೆ, "ಅಮ್ಮ, ಅದರಲ್ಲಿ ಒಂದು ಕಲ್ಲಿದೆ."

ಅತ್ತೆ ತಟ್ಟೆಯನ್ನು ತಮ್ಮ ಕಣ್ಣಿನ ಹತ್ತಿರ ಹಿಡಿದು ನೋಡಿದರು. ಬೆರಳಿನಿಂದ ಕೆದಕಿ ಆ ಕಲ್ಲು ಹುಡುಕಿದರು. ಅವರು ಬೇಕೆಂದು ಹಾಕಿದ್ದಲ್ಲ, ಅವರ ಕಣ್ಣಿಗೇ ತಪ್ಪಿದ್ದು. ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ನೆಲಕ್ಕೆ ಕುಳಿತುಬಿಟ್ಟರು. ಮಾಸ್ಕು ಒದ್ದೆಯಾಗುವುದು ನನಗೆ ಬಾಗಿಲಿನಿಂದಲೇ ಕಾಣುತ್ತಿತ್ತು.

"ನನಗಿಂತ ನಿನ್ನ ಕಣ್ಣೇ ವಾಸಿ ಹಾಗಿದ್ರೆ" ಅಂದರು.

ಆಸ್ಪತ್ರೆಯವರು ಆಮೇಲೆ ಪರೀಕ್ಷೆ ಮಾಡಿ, ಹುಣ್ಣು ಮಾಯ್ದಿದೆ, ಅಂಚಿನಲ್ಲಿ ತೆಳುವಾದ ಕಲೆ ಉಳಿದಿದೆ, ನೋಟಕ್ಕೆ ಅಡ್ಡಿಯಿಲ್ಲ ಎಂದರು. ನನಗೂ ಅತ್ತೆಗೂ ಏನೂ ಆಗಲಿಲ್ಲ. ಕೊನೆಯ ಹಕ್ಕಳೆಯೂ ಉದುರಿ ಹೊಸ ಚರ್ಮ ಬಂದ ಮೇಲೆ ಅತ್ತೆ ಬೇವು ಅರಿಶಿನದ ನೀರು ಹಾಕಿ ತಾಯಿಯನ್ನು ಕಳಿಸಿಕೊಟ್ಟರು. ಬಾಗಿಲಿನ ಒಣ ಸೊಪ್ಪು ಬಿಚ್ಚಿದರು. ನಾನು ಬಾಣಲೆಯಲ್ಲಿ ಎಣ್ಣೆ ಕಾಯಿಸಿ ಸಾಸಿವೆ ಸಿಡಿಸಿದಾಗ ಮನೆಯೇ ಎಚ್ಚರವಾದಂತಾಯಿತು. ಕೆಳಗಿನ ಮನೆಯಾಕೆ ಮೆಟ್ಟಿಲಿನಿಂದಲೇ ತಮಿಳಿನಲ್ಲಿ ಕೇಳಿದರು, ಒಗ್ಗರಣೆ ವಾಸನೆ ಬಂತು, ಇನ್ನು ಮೇಲೆ ಬರಬಹುದಾ ಎಂದು.

ಇವರು ಮತ್ತೆ ಎಣ್ಣೂರಿಗೆ ಕೆಲಸಕ್ಕೆ ಹೋಗತೊಡಗಿದರು. ಅತ್ತೆಯ ಬೇಳೆ ಪರೀಕ್ಷೆ ಮಾತ್ರ ನಿಲ್ಲಲಿಲ್ಲ. ಬೆಳಿಗ್ಗೆ ಬಸ್ಸಿಗೆ ಹೊರಟವರನ್ನು ಬಾಗಿಲಲ್ಲಿ ತಡೆದು ಮುಷ್ಟಿ ಬಿಚ್ಚುತ್ತಿದ್ದರು. ಇವರು ಬ್ಯಾಗು ಹೆಗಲಿಗೆ ಹಾಕಿಕೊಂಡೇ ಬಲಗಣ್ಣು ಮುಚ್ಚಿ ಹೇಳಿ ಹೋಗುತ್ತಿದ್ದರು. ಉದ್ದು. ಹೆಸರು. ಒಂದು ದಿನ ಬೇಕೆಂದೇ "ಬೋಲ್ಟು" ಎಂದರು. ಹೀಗೆ ಒಂದು ವರ್ಷದ ಮೇಲಾಯಿತು. ಮಾರ್ಗಳಿಯ, ಅಂದರೆ ನಮ್ಮ ಧನುರ್ಮಾಸದ, ಚಳಿಯಲ್ಲಿ ಒಂದು ಮಧ್ಯಾಹ್ನ ಊಟ ಮಾಡಿ ಮಲಗಿದ ಅತ್ತೆ ಏಳಲಿಲ್ಲ. ಹೃದಯ ನಿಂತಿತು ಎಂದು ಡಾಕ್ಟರು ಹೇಳಿದರು. ವಯಸ್ಸಾಗಿತ್ತು, ಕಷ್ಟಪಡಲಿಲ್ಲ. ಅವರ ಸೀರೆಗಳನ್ನು ಮಡಿಸಿಟ್ಟಿದ್ದೇನೆ. ಉದ್ದ ತೋಳಿನ ರವಿಕೆಗಳನ್ನು ಯಾರಿಗೂ ಕೊಟ್ಟಿಲ್ಲ.

ಇವರ ಕಣ್ಣು ಚೆನ್ನಾಗಿದೆ. ಭಾನುವಾರ ನಾವಿಬ್ಬರೇ ಕುಳಿತು ಬೇಳೆ ಆರಿಸುತ್ತೇವೆ. ಈಗ ಅವರು ಒಂದು ಕಲ್ಲನ್ನೂ ಬಿಡುವುದಿಲ್ಲ. ಕೆಲಸಕ್ಕೆ ಹೊರಡುವಾಗ ಬಾಗಿಲಲ್ಲಿ ಒಂದು ಗಳಿಗೆ ನಿಲ್ಲುತ್ತಾರೆ, ಆಮೇಲೆ ಮೆಟ್ಟಿಲು ಇಳಿಯುತ್ತಾರೆ. ಇದು ಯಾವ ಬೇಳೆ ಎಂದು ಕೇಳುವವರು ಮನೆಯಲ್ಲಿ ಇಲ್ಲ.