ಶೆಟ್ಟರು ಗಲ್ಲಾ ಬಿಟ್ಟುಕೊಟ್ಟ ದಿನ

ಶಾಲೆಗೆ ಹೋಗುವ ಮೊದಲು ನಾನು ಫೋರ್ಟ್ ಬಡಾವಣೆಯ ಒಂದು ಉಡುಪಿ ಹೋಟೆಲಿನಲ್ಲಿ ಇಡ್ಲಿ ತಿನ್ನುತ್ತೇನೆ. ಮೊನ್ನೆ ಗಲ್ಲಾದ ಮೇಲೆ ಧಣಿ ಶೆಟ್ಟರ ಬದಲು ಅವರ ಮಗಳು ಸುಜಾತಾ ಕೂತಿದ್ದಳು. ಶೆಟ್ಟರು ನನ್ನೆದುರಿಗೆ ಬಂದು ಕುಳಿತರು.

“ಟೀಚರೇ, ಇವತ್ತಿಂದ ಹೋಟೆಲು ಅವಳದ್ದು. ಹೀಗೆ ಅಧಿಕಾರ ಬಿಟ್ಟುಕೊಡುದಕ್ಕೆ ಇಂಗ್ಲಿಷಲ್ಲಿ ಎಂತ ಹೇಳ್ತಾರೆ?”

ನನ್ನಂತೆ ಕಾನ್ವೆಂಟಿನಲ್ಲಿ ಕಲಿತವಳು ಅರ್ಧ ಉತ್ತರ ಕೊಡುವುದಿಲ್ಲ. “ಅಬ್ಡಿಕೇಟ್. ಅದು ಸಿಂಹಾಸನ ಬಿಡುವ ರಾಜರಿಗೆ. ಜವಾಬ್ದಾರಿ ಬಿಟ್ಟು ಓಡುವವರಿಗೂ ಹೇಳುವುದುಂಟು, ಆಗ ಅದು ಬೈಗುಳ. ನಿಮಗೆ ರಿಟೈರ್ ಸಾಕು.”

“ನಂಗೆ ರಾಜರದ್ದೇ ಇರಲಿ.”

ಅಷ್ಟರಲ್ಲಿ ಭಟ್ಟರು ಸಾಂಬಾರಿನ ಸೌಟು ಹಿಡಿದು ಅಡುಗೆಮನೆಯಿಂದ ಬಂದರು. ಧಣಿ ರುಚಿ ನೋಡದೆ ಅಲ್ಲಿ ಸಾಂಬಾರು ಬಡಿಸುವುದಿಲ್ಲ. ಶೆಟ್ಟರ ಅಂಗೈ ತಾನಾಗಿಯೇ ಮುಂದೆ ಹೋಯಿತು.

“ಭಟ್ರೇ, ಇಲ್ಲಿ ತನ್ನಿ!” ಎಂದಳು ಸುಜಾತಾ.

ಭಟ್ಟರು ನಡುವೆ ನಿಂತುಬಿಟ್ಟರು. ಶೆಟ್ಟರು ನಿಧಾನವಾಗಿ ಕೈ ಹಿಂದೆಳೆದುಕೊಂಡರು. “ಅವಳಿಗೇ ಕೊಡಿ ಮಾರಾಯ್ರೆ.”

ಅವಳು ರುಚಿ ನೋಡಿದಳು. “ಹುಳಿ ಸಾಲದು. ಇನ್ನೊಮ್ಮೆ ಕುದಿಸಿ.”

“ಹುಳಿ ಸರಿಯಾಗಿಯೇ ಉಂಟು!” ಎಂದರು ಶೆಟ್ಟರು.

“ನೀವು ರುಚಿಯೇ ನೋಡಲಿಲ್ಲವಲ್ಲ, ಅಪ್ಪಾ?”

ಹೋಟೆಲಿನವರೆಲ್ಲ ನಕ್ಕರು. ಕೊನೆಗೆ ಶೆಟ್ಟರೂ ನಕ್ಕು, ಗಿರಾಕಿಯಂತೆ ಒಂದು ಕಾಫಿ ಹೇಳಿದರು. ಸಾಂಬಾರು ಮತ್ತೆ ಒಲೆಗೇರಿತು; ನನ್ನ ತಟ್ಟೆಯ ಇಡ್ಲಿ ಅದಕ್ಕೆ ಕಾಯುತ್ತ ಕೂತಿತು.

ರಾಜ್ಯ ಕೈ ಬದಲಾಗುವಾಗ ಪ್ರಜೆಗಳ ಇಡ್ಲಿ ತಣ್ಣಗಾಗುತ್ತದೆ ಎಂಬುದನ್ನು ಮಾತ್ರ ನಮ್ಮ ಕಾನ್ವೆಂಟಿನ ಸಿಸ್ಟರುಗಳು ಹೇಳಿಕೊಟ್ಟಿರಲಿಲ್ಲ.