ಅಮ್ಮನ ಪರ್ಮಿಟ್

ಗೆಳೆಯರೇ, ಈರುಳ್ಳಿಯನ್ನೂ ಮನೆಯೊಳಗೆ ಬಿಟ್ಟುಕೊಳ್ಳದ ನನ್ನಮ್ಮ ಇಂದು ಬೆಳಿಗ್ಗೆ ಅಬಕಾರಿ ಕಚೇರಿಗೆ ಫೋನ್ ಮಾಡಿದಳು. ಸ್ಪೀಕರ್ ಆನ್ ಇದ್ದದ್ದು ಅವಳಿಗೆ ಗೊತ್ತಿರಲಿಲ್ಲ.

"ಸಾರ್, ಮಂಡಕಳ್ಳಿ ಹತ್ರ ತೋಟದಲ್ಲಿ ನನ್ನ ಮಗಳ ರಿಸೆಪ್ಷನ್. ಬೀಗರು ಕೊಡಗಿನೋರು, ಅವರ ಪದ್ಧತೀಲಿ ಡ್ರಿಂಕ್ಸ್ ಇರ್ಬೇಕಂತೆ. ಒಂದು ದಿನಕ್ಕೆ ಪರ್ಮಿಟ್ ಕೊಡ್ತೀರಾ?"

"ಅರ್ಜಿ ಹಾಕಿ ತಾಯಿ, ಕೊಡ್ತೀವಿ. ಯಾರ ಹೆಸರಲ್ಲಿ?"

"ನನ್ನ ಹೆಸರಲ್ಲೇ. ನಮ್ಮ ಅಳಿಯಂದ್ರ ಕಡೆಯೋರು ಬಾಯಿ ಒಣಗಿಸ್ಕೊಂಡು ಕೂತ್ಕೋಬಾರ್ದು."

ನನ್ನ ನಿಶ್ಚಿತಾರ್ಥ ಮುಗಿದ ಮೇಲೂ "ಆ ಹುಡುಗ" ಎನ್ನುತ್ತಿದ್ದವಳು ಅವನನ್ನು ಅಳಿಯ ಎಂದದ್ದು ಇದೇ ಮೊದಲು, ಅದೂ ಅಬಕಾರಿಯವರ ಹತ್ತಿರ! ಬಾಗಿಲ ಮರೆಯಲ್ಲಿದ್ದ ನನ್ನ ಕಣ್ಣು ತುಂಬಿತು.

ಫೋನ್ ಇಡುವ ಮುನ್ನ ಅಮ್ಮ ದನಿ ತಗ್ಗಿಸಿ ಕೇಳಿದಳು: "ಸಾರ್, ಅದರ ಜೊತೆ ಕೋಡುಬಳೆ ಕೊಟ್ರೆ ನಡಿಯುತ್ತಾ?"

ಆ ಕಡೆಯವರು ಒಂದು ಕ್ಷಣ ಯೋಚಿಸಿದರು. "ಧಾರಾಳವಾಗಿ ಕೊಡಿ ತಾಯಿ. ಅದಕ್ಕೆ ಪರ್ಮಿಟ್ ಬೇಡ."